ಕೋರ್ಟ್ ಕಟ್ಟೆ: ‘ಸ್ಟೇ ಇದೆ ಮೇಡಂ, ಆದ್ರೂ ಪೊಲೀಸರು ಬರ್ತಿಲ್ಲ’

ಈ ಸಲ ಬಂದ ಕಾಗದಗಳಲ್ಲಿ ಹೆಚ್ಚಿನವು ಒಂದೇ ಬೇಡಿಕೆಯವು. ಪೊಲೀಸ್ ಪ್ರೊಟೆಕ್ಷನ್ ಸಿಗುವ ಹಾಗೆ ಮಾಡಿ. ಹೆದರಿಸುತ್ತಿರುವವರು ಹೊರಗಿನವರಲ್ಲ. ಮೈದುನ, ಗಂಡ, ಮಗ, ಅಪ್ಪ. ಮಂಡ್ಯ ಕೋರ್ಟಿನಲ್ಲಿ ಕೆಲಸ ಮಾಡುವ ನನಗೆ ಇದು ಹೊಸದೇನಲ್ಲ. ಜನ ಮೊದಲು ಸ್ಟೇಷನ್‌ಗೆ ಹೋಗುತ್ತಾರೆ. ಅಲ್ಲಿ "ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ" ಅನ್ನಿಸಿಕೊಂಡು ನಮ್ಮ ಹತ್ತಿರ ಬರುತ್ತಾರೆ. ಕೋರ್ಟಿನಲ್ಲಿ ಆರ್ಡರ್ ಮಾಡಿಸಿಕೊಂಡು ಮತ್ತೆ ಸ್ಟೇಷನ್‌ಗೆ ಹೋದರೆ "ಇದರಲ್ಲಿ ನಮಗೇನೂ ಹೇಳಿಲ್ವಲ್ಲಮ್ಮ" ಅನ್ನುತ್ತಾರೆ. ಕಷ್ಟ ಏನಪ್ಪಾ ಅಂದ್ರೆ, ಎರಡು ಸಲವೂ ಅವರು ಹೇಳಿದ್ದು ಪೂರ್ತಿ ಸುಳ್ಳಲ್ಲ. ಯಾರಿಂದ, ಯಾವ ಜಾಗದಲ್ಲಿ, ಯಾವ ಕೆಲಸಕ್ಕೆ ರಕ್ಷಣೆ ಅಂತ ಕಾಗದದಲ್ಲಿ ಬರೆದಿಲ್ಲದಿದ್ದರೆ ಠಾಣೆಯವರು ಕದಲುವುದು ಕಡಿಮೆ. ಆ ಕಾಗದ ಯಾವ ಬಾಗಿಲಲ್ಲಿ ಸಿಗುತ್ತದೆ ಅನ್ನೋದು ನೀವು ಯಾರು ಅನ್ನೋದರ ಮೇಲೆ ಹೋಗುತ್ತದೆ. ಕಾಗದ ಬರೆದವರ ಗುರುತು ಸಿಗದಂತೆ ಅಲ್ಲಲ್ಲಿ ಕತ್ತರಿ ಹಾಕಿದ್ದೇನೆ.

ಪ್ರಶ್ನೆ: ನಮ್ಮದು ಪಾಂಡವಪುರ ತಾಲ್ಲೂಕು. ಯಜಮಾನರು ತೀರಿಕೊಂಡು ಮೂರು ವರ್ಷ. ಮಾವನವರು ಬದುಕಿದ್ದಾಗಲೇ ಬಾಯಿಮಾತಿನಲ್ಲಿ ಜಮೀನು ಪಾಲು ಮಾಡಿ ಕೊಟ್ಟಿದ್ದರು. ನಮಗೆ ಒಂದು ಎಕರೆ ಹತ್ತು ಗುಂಟೆ ಬಂತು. ಅವತ್ತಿನಿಂದ ನಾವೇ ಬೇಸಾಯ ಮಾಡುತ್ತಿದ್ದೇವೆ. ಪಹಣಿ ಮಾತ್ರ ಇನ್ನೂ ಮಾವನ ಹೆಸರಲ್ಲೇ ಇದೆ. ಈಗ ಮೈದುನ "ಪಾಲೇ ಆಗಿಲ್ಲ" ಅಂತಾನೆ. ಕೋರ್ಟಿಗೆ ಹೋಗಿ ಸ್ಟೇ ತಂದೆ. ಕಾರ್ಖಾನೆಯಿಂದ ಕಬ್ಬಿಗೆ ಕಟಿಂಗ್ ಆರ್ಡರ್ ಬಂತು. ಗ್ಯಾಂಗಿನವರು ಬಂದ ದಿನ ಮೈದುನ ದಾರಿಗೆ ಟ್ರ್ಯಾಕ್ಟರ್ ಅಡ್ಡ ನಿಲ್ಲಿಸಿ, ಮಚ್ಚು ತೋರಿಸಿ ಎಲ್ಲರನ್ನೂ ಓಡಿಸಿದ. ಸ್ಟೇಷನ್‌ನಲ್ಲಿ ಸ್ಟೇ ಕಾಪಿ ತೋರಿಸಿದರೆ ಓದಿ ವಾಪಸ್ ಕೊಟ್ಟರು. ಕಬ್ಬು ಹೂ ಬಿಟ್ಟು ಒಣಗುತ್ತಿದೆ. ಸೀದಾ ಹೈಕೋರ್ಟಿಗೇ ಹೋಗಲಾ?

ಉತ್ತರ: ಹೈಕೋರ್ಟ್ ಈಗಲೇ ಬೇಡ ತಾಯಿ. ನಿಮ್ಮ ದಾವೆ ಎಲ್ಲಿದೆಯೋ ಅಲ್ಲೇ ಕೆಲಸ ಆಗುತ್ತದೆ.

ಮೊದಲು ನಿಮ್ಮ ಕೈಲಿರುವ ಆರ್ಡರ್ ಏನು ಅಂತ ನೋಡೋಣ. ನಾವು ‘ಸ್ಟೇ’ ಅನ್ನೋದು ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ ಕೆಳಗೆ ಕೊಡುವ ತಾತ್ಕಾಲಿಕ ತಡೆಯಾಜ್ಞೆ. ಅದು ನಿಮ್ಮ ಮೈದುನನಿಗೆ "ಈ ಜಮೀನಿನ ತಂಟೆಗೆ ಹೋಗಬೇಡ" ಅಂತ ಹೇಳುತ್ತದೆ. ಪೊಲೀಸರಿಗೆ ಏನೂ ಹೇಳುವುದಿಲ್ಲ. ಅದಕ್ಕೇ ಅವರು ಓದಿ ವಾಪಸ್ ಕೊಟ್ಟಿದ್ದು. ಪೊಲೀಸರಿಗೂ ಹೇಳಿಸಬೇಕು ಅಂದ್ರೆ ಅದೇ ದಾವೆಯಲ್ಲಿ ಇನ್ನೊಂದು ಮಧ್ಯಂತರ ಅರ್ಜಿ ಹಾಕಬೇಕು. ನಮ್ಮ ಭಾಷೆಯಲ್ಲಿ ಐಎ. ಕಲಂ 151ರ ಕೆಳಗೆ, ತಡೆಯಾಜ್ಞೆ ಜಾರಿ ಮಾಡಲು ಪೊಲೀಸ್ ನೆರವು ಕೊಡಿಸಿ ಅಂತ. ತನ್ನ ಆದೇಶಕ್ಕೆ ಬೆಲೆ ಇರುವಂತೆ ನೋಡಿಕೊಳ್ಳುವ ಅಧಿಕಾರ ಕೋರ್ಟಿಗೆ ಆ ಕಲಂನಲ್ಲಿದೆ.

ಅರ್ಜಿಯಲ್ಲಿ ಏನು ಕೇಳುತ್ತೀರಿ ಅನ್ನೋದು ಮುಖ್ಯ. "ಅರ್ಜಿದಾರರಿಗೆ ಸೂಕ್ತ ಪೊಲೀಸ್ ರಕ್ಷಣೆ ಕೊಡಿಸಬೇಕು" ಅಂತ ಒಂದು ಸಾಲು ಬರೆದು ಬಿಡುವ ವಕೀಲರಿದ್ದಾರೆ. ಅಂಥ ಸಾಲಿಗೆ ಆರ್ಡರ್ ಆದರೂ ಸಬ್‌ಇನ್‌ಸ್ಪೆಕ್ಟರ್‌ಗೆ ಯಾವತ್ತು, ಎಲ್ಲಿಗೆ, ಯಾಕೆ ಹೋಗಬೇಕು ಅಂತ ಗೊತ್ತಾಗುವುದಿಲ್ಲ. ನೀವು ಹೀಗೆ ಬರೆಸಿ: ಇಂಥ ಗ್ರಾಮದ ಇಂಥ ಸರ್ವೆ ನಂಬರಿನಲ್ಲಿ, ಈ ಚಕ್ಕುಬಂದಿಯ ಒಳಗಿರುವ ಕಬ್ಬನ್ನು, ಕಾರ್ಖಾನೆಯ ಕಟಾವು ಆದೇಶದ ಪ್ರಕಾರ ಕಡಿದು ಲಾರಿಗೆ ತುಂಬಿ ಸಾಗಿಸುವ ತನಕ, ಒಂದನೇ ಪ್ರತಿವಾದಿ ಅಡ್ಡಿ ಮಾಡದಂತೆ, ಇಂಥ ಠಾಣೆಯ ಠಾಣಾಧಿಕಾರಿ ಸಿಬ್ಬಂದಿಯೊಂದಿಗೆ ಹಾಜರಿರಬೇಕು. ಠಾಣೆಯ ಹೆಸರು ಇರಲೇಬೇಕು. ಕೆಲಸ ಎಷ್ಟು ದಿನದ್ದು ಅನ್ನೋದೂ ಇರಬೇಕು. ಎರಡು ಮೂರು ದಿನದ ಕೆಲಸಕ್ಕೆ ಕೇಳಿದರೆ ಕೊಡಲು ಕೋರ್ಟಿಗೂ ಸಲೀಸು, ನಿಲ್ಲಲು ಪೊಲೀಸರಿಗೂ ಸಲೀಸು.

ಅರ್ಜಿಯ ಜೊತೆ ಅಫಿಡವಿಟ್ ಇರುತ್ತದೆ ಅಲ್ವಾ, ಅದರಲ್ಲಿ ಆ ದಿನದ ಕಥೆ ಬರಲಿ. ಎಷ್ಟು ಹೊತ್ತಿಗೆ ಗ್ಯಾಂಗ್ ಬಂತು, ಟ್ರ್ಯಾಕ್ಟರ್ ನಂಬರ್ ಏನು, ಯಾರ್ಯಾರು ಇದ್ದರು. ಗ್ಯಾಂಗಿನ ಮೇಸ್ತ್ರಿ ಒಪ್ಪಿದರೆ ಅವರದ್ದೂ ಒಂದು ಅಫಿಡವಿಟ್ ಹಾಕಿಸಿ. ಬಳ್ಳಾರಿ ಕಡೆಯಿಂದ ಬಂದ ಆಳುಗಳಿಗೆ ನಿಮ್ಮ ಮನೆ ಜಗಳದಲ್ಲಿ ಯಾವ ಲಾಭವೂ ಇಲ್ಲ. ಅವರ ಮಾತಿಗೆ ತೂಕ ಜಾಸ್ತಿ. ಕಟಿಂಗ್ ಆರ್ಡರ್, ಅಡ್ಡ ನಿಂತ ಟ್ರ್ಯಾಕ್ಟರಿನ ಫೋಟೊ, ಠಾಣೆಗೆ ಕೊಟ್ಟ ಅರ್ಜಿಯ ಸ್ವೀಕೃತಿ, ಇಷ್ಟನ್ನೂ ಸೇರಿಸಿ.

ನಿಮ್ಮ ಸ್ಟೇ ಎದುರು ಪಾರ್ಟಿಯನ್ನು ಕೇಳಿ ಕೊಟ್ಟಿದ್ದೋ, ಕೇಳದೆ ಕೊಟ್ಟಿದ್ದೋ ಅಂತ ನೀವು ಬರೆದಿಲ್ಲ. ಅದು ತಿಳಿಯಬೇಕು. ಎಕ್ಸ್‌ಪಾರ್ಟಿ ಆರ್ಡರ್ ಆಗಿದ್ದರೆ, ಅರ್ಜಿ, ದಾವೆ ಮತ್ತು ದಾಖಲೆಗಳ ಪ್ರತಿಯನ್ನು ಮೈದುನನಿಗೆ ತಕ್ಷಣ ಕಳಿಸಿ, ಕಳಿಸಿದ್ದೇವೆ ಅಂತ ಅದೇ ದಿನ ಅಥವಾ ಮಾರನೆ ದಿನ ಕೋರ್ಟಿಗೆ ಅಫಿಡವಿಟ್ ಕೊಡಬೇಕಿತ್ತು. ಅದು ಬಿಟ್ಟುಹೋಗಿದ್ದರೆ ಎದುರು ವಕೀಲರು ಮೊದಲು ಹಿಡಿಯುವುದೇ ಅಲ್ಲಿ. ಎದುರಿನವರನ್ನು ಕೇಳದೆ ಕೊಟ್ಟ ಆರ್ಡರಿನ ಮೇಲೆ ಪೊಲೀಸರನ್ನು ಕಳಿಸಲು ನ್ಯಾಯಾಧೀಶರು ಸಾಮಾನ್ಯವಾಗಿ ಹಿಂದೆಮುಂದೆ ನೋಡುತ್ತಾರೆ. ಅವರದ್ದು ಸರಿಯೇ. ಒಬ್ಬರ ಮಾತು ಕೇಳಿ ಖಾಕಿ ಕಳಿಸಿದರೆ ನಾಳೆ ಇನ್ನೊಬ್ಬರ ಹೊಲದಲ್ಲೂ ಅದೇ ಆಗುತ್ತದೆ. ಎದುರಿನವರನ್ನು ಕೇಳದೆ ಸ್ಟೇ ಕೊಟ್ಟಾಗ ಆ ತಡೆಯಾಜ್ಞೆ ಅರ್ಜಿಯನ್ನು 30 ದಿನದೊಳಗೆ ತೀರ್ಮಾನ ಮಾಡಲು ಪ್ರಯತ್ನಿಸಬೇಕು ಅಂತ ಕಾನೂನೇ ಹೇಳುತ್ತದೆ. ಆದ್ದರಿಂದ ತಡೆಯಾಜ್ಞೆ ಅರ್ಜಿಯ ವಾದ ಬೇಗ ಮುಗಿಸಿ ಅಂತ ನಿಮ್ಮ ವಕೀಲರ ಬೆನ್ನು ಹತ್ತಿ.

ಇನ್ನು ನಿಮ್ಮ ಕೇಸಿನ ಮೆದು ಜಾಗ. ಪಾಲು ಬಾಯಿಮಾತಿನದು, ಪಹಣಿ ಮಾವನ ಹೆಸರಿನದು. ಮೈದುನನ ವಕೀಲರು "ಇದು ಇನ್ನೂ ಒಟ್ಟು ಕುಟುಂಬದ ಆಸ್ತಿ, ಒಬ್ಬ ಪಾಲುದಾರರ ಮೇಲೆ ಇನ್ನೊಬ್ಬರಿಗೆ ತಡೆಯಾಜ್ಞೆ ಹೇಗೆ ಕೊಡ್ತೀರಿ" ಅಂತ ಕೇಳೇ ಕೇಳುತ್ತಾರೆ. ಅದಕ್ಕೆ ಉತ್ತರ ನಿಮ್ಮ ಮನೆಯ ಟ್ರಂಕಿನಲ್ಲಿದೆ. ಕಾರ್ಖಾನೆಯ ಕಬ್ಬಿನ ಒಪ್ಪಂದ ಯಜಮಾನರ ಹೆಸರಲ್ಲಿ ಇತ್ತಾ? ಹಿಂದಿನ ವರ್ಷಗಳ ಬಿಲ್ ಅವರ ಖಾತೆಗೇ ಬಿದ್ದಿದೆಯಾ? ಸೊಸೈಟಿಯ ಬೆಳೆ ಸಾಲ, ಕಂದಾಯ ರಸೀದಿ, ಪಂಪ್‌ಸೆಟ್ಟಿನ ಕಾಗದ ಇದೆಯಾ? ಬೇರೆ ಬೇರೆಯಾಗಿ ಬೇಸಾಯ ನಡೆದಿತ್ತು ಅಂತ ಇವು ಹೇಳುತ್ತವೆ. ಬಾಯಿಮಾತಿನ ಪಾಲು ರುಜುವಾತಾಗದೆ ಹೋದರೂ ನೀವು ಬರಿಗೈ ಅಲ್ಲ. ಗಂಡನ ಭಾಗಕ್ಕೆ ನೀವು, ನಿಮ್ಮ ಮಕ್ಕಳು ವಾರಸುದಾರರು. ಅತ್ತೆ ಇದ್ದರೆ ಅವರೂ ಸೇರುತ್ತಾರೆ. ಬರೀ ತಡೆಯಾಜ್ಞೆಗೆ ಮಾತ್ರ ದಾವೆ ಹಾಕಿದ್ದರೆ, ಪಾಲು ವಿಭಾಗವನ್ನೂ ಸೇರಿಸಿ ತಿದ್ದುಪಡಿ ಮಾಡಿಸುವುದು ಒಳ್ಳೆಯದು ಅಂತ ನನ್ನ ಅಭಿಪ್ರಾಯ. ಕಾಗದ ಕಣ್ಣಾರೆ ನೋಡಿದ ನಿಮ್ಮ ವಕೀಲರ ಹತ್ತಿರ ಇದನ್ನು ಮಾತಾಡಿ.

ಇಲ್ಲೇ ಇನ್ನೊಂದು ದಾರಿ ಇದೆ. ಎಷ್ಟೋ ಜನ ಇದನ್ನು ಕೇಳುವುದೇ ಇಲ್ಲ. ಅದೇ ಅರ್ಜಿಯಲ್ಲಿ ಪರ್ಯಾಯವಾಗಿ, "ಕಬ್ಬು ಕಡಿಯಲು ಬಿಡಿ, ಕಾರ್ಖಾನೆಯ ದುಡ್ಡು ಕೋರ್ಟಿಗೇ ಕಟ್ಟಲಿ, ಕೊನೆಗೆ ಯಾರ ಪಾಲು ಎಷ್ಟೋ ನೋಡಿ ಕೊಡಿ" ಅಂತ ಕೇಳಿ. ಬೇಕಾದರೆ 40ನೇ ಆದೇಶದ ಕೆಳಗೆ ಬೆಳೆಗೆ ರಿಸೀವರ್, ಅಂದರೆ ಕೋರ್ಟಿನ ಪರವಾಗಿ ಬೆಳೆ ನೋಡಿಕೊಳ್ಳುವವರನ್ನು, ನೇಮಿಸಿ ಅಂತಲೂ ಕೇಳಬಹುದು. ಕೈಗೆ ದುಡ್ಡು ಬರುವುದು ತಡ ಆಗುತ್ತದೆ, ನಿಜ. ಆದರೆ ಇದಕ್ಕೆ ಮೈದುನ ಏನು ತಕರಾರು ತೆಗೆಯುತ್ತಾನೆ? ಕಬ್ಬು ಗದ್ದೆಯಲ್ಲೇ ಒಣಗಲಿ ಅಂತ ಬಾಯಿಬಿಟ್ಟು ಹೇಳುವುದಕ್ಕಾಗುತ್ತದಾ? ಕೇಸು ಹತ್ತು ವರ್ಷ ಕಾಯುತ್ತದೆ, ಕಬ್ಬು ಕಾಯುವುದಿಲ್ಲ. ಒಣಗಿದಷ್ಟೂ ತೂಕ ಹೋಗುತ್ತದೆ. ನಿಮ್ಮ ಜಾಗದಲ್ಲಿ ನಾನಿದ್ದರೆ ಇದನ್ನೇ ಮುಂದೆ ಮಾಡುತ್ತಿದ್ದೆ.

ಆರ್ಡರ್ ಮುರಿದಿದ್ದಕ್ಕೆ ಶಿಕ್ಷೆ ಬೇರೆ ಇದೆ. 39ನೇ ಆದೇಶದ ನಿಯಮ 2ಎ. ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳ ತನಕ ಸಿವಿಲ್ ಜೈಲಿಗೆ ಕಳಿಸಬಹುದು. ಅರ್ಜಿ ಹಾಕಿ. ಆದರೆ ಅದಕ್ಕೆ ಸಾಕ್ಷಿ, ಪಾಟಿ ಸವಾಲು ಎಲ್ಲ ಆಗಬೇಕು. ಅದು ಮುಗಿಯುವ ಹೊತ್ತಿಗೆ ಇನ್ನೊಂದು ಬೆಳೆ ಬಂದಿರುತ್ತದೆ.

ಮಚ್ಚಿನ ವಿಷಯ ಮಾತ್ರ ಸಿವಿಲ್ ಅಲ್ಲವೇ ಅಲ್ಲ. ಜೀವ ಬೆದರಿಕೆ ಅಪರಾಧ, ಭಾರತೀಯ ನ್ಯಾಯ ಸಂಹಿತೆಯ ಕಲಂ 351. ಅದಕ್ಕೆ ಬೇರೆಯೇ ಕಂಪ್ಲೇಂಟ್ ಕೊಡಿ, ಒಂದೇ ಪುಟ. ಇಲ್ಲಿ ಜನ ಎಡವುತ್ತಾರೆ. ಮಾವ ಯಾವಾಗ ಜಮೀನು ಕೊಂಡರು, ಯಾರಿಗೆ ಯಾವ ಗದ್ದೆ ಬಂತು ಅಂತ ಮೂರು ಪುಟ ವಂಶಾವಳಿ ಬರೆದು, ಕೊನೆಯಲ್ಲಿ ಮಚ್ಚು ತರುತ್ತಾರೆ. ಠಾಣೆಯಲ್ಲಿ ಕಂಪ್ಲೇಂಟ್ ಬರೆದುಕೊಳ್ಳುವ ರೈಟರ್ ಮೊದಲ ಪುಟ ಓದಿಯೇ ಸಿವಿಲ್ ಅಂತ ಪಕ್ಕಕ್ಕಿಡುತ್ತಾರೆ. ನೀವು ಮಚ್ಚಿನಿಂದಲೇ ಶುರು ಮಾಡಿ. ಇಂಥ ದಿನ, ಇಷ್ಟು ಗಂಟೆಗೆ, ಇಂಥವನು, ಇಂಥ ಮಾತು ಅಂದ, ಇಂಥವರು ನೋಡಿದರು. ಅಷ್ಟೇ. ಆಗಲೂ ದಾಖಲು ಮಾಡದಿದ್ದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 173(4)ರ ಪ್ರಕಾರ ಮಂಡ್ಯದ ಎಸ್‌ಪಿಯವರಿಗೆ ಅಂಚೆಯಲ್ಲಿ ಕಳಿಸಿ. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಕೋರ್ಟ್ ಇದೆ. 2024ರ ಜುಲೈ 1ರಿಂದ ಈ ಹೊಸ ಕಾಯ್ದೆಗಳು ಬಂದಿವೆ. ಹಳೆ ಫಾರಂ ನೋಡಿ ಹಳೆ ಕಲಂ ಬರೆಯಬೇಡಿ.

ಹೈಕೋರ್ಟ್ ಯಾಕೆ ಬೇಡ ಅಂದೆ ಅಂತ ಹೇಳಿಬಿಡುತ್ತೇನೆ. ಪಿ.ಆರ್. ಮುರಳೀಧರನ್ ಕೇಸಿನಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಹಕ್ಕೇ ತಕರಾರಿನಲ್ಲಿರುವಾಗ ಪೊಲೀಸ್ ರಕ್ಷಣೆಯ ಹೆಸರಿನಲ್ಲಿ ರಿಟ್ (ಹೈಕೋರ್ಟಿಗೆ ನೇರವಾಗಿ ಹಾಕುವ ಅರ್ಜಿ) ಹಾಕಿ ಆ ಹಕ್ಕನ್ನು ತೀರ್ಮಾನ ಮಾಡಿಸಿಕೊಳ್ಳುವಂತಿಲ್ಲ, ಸಿವಿಲ್ ಕೋರ್ಟಿಗೆ ಹೋಗಬೇಕು. ಈಗ ಹೋದರೆ ನಿಮಗೂ ಅದೇ ಮಾತು ಕೇಳಿಸುತ್ತದೆ, ಬೆಂಗಳೂರಿನ ಖರ್ಚು ಬೇರೆ. ಆದರೆ ಸಿವಿಲ್ ಕೋರ್ಟ್ ಪೊಲೀಸ್ ನೆರವಿಗೆ ಆರ್ಡರ್ ಮಾಡಿ, ಅದನ್ನು ಠಾಣೆಗೂ ಎಸ್‌ಪಿಗೂ ತಲುಪಿಸಿ, ಆಗಲೂ ಯಾರೂ ಕದಲಲಿಲ್ಲ ಅಂದ್ರೆ, ಆಗ ರಿಟ್‌ಗೆ ಬಲ ಬರುತ್ತದೆ.

ಆರ್ಡರ್ ಆದ ಮೇಲೆ ಸುಮ್ನೆ ಕೂರಬೇಡಿ. ಕೋರ್ಟ್ ಆಫೀಸಿನಿಂದ ಠಾಣೆಗೆ ಕಾಗದ ಹೋಗುತ್ತದೆ, ಆದರೂ ನೀವೇ ಒಂದು ಸರ್ಟಿಫೈಡ್ ಕಾಪಿ ತೆಗೆದುಕೊಂಡು ಹೋಗಿ ಕೊಟ್ಟು, ಇನ್ನೊಂದು ಪ್ರತಿಯ ಮೇಲೆ ಸೀಲು, ಸಹಿ, ದಿನಾಂಕ ಹಾಕಿಸಿಕೊಳ್ಳಿ. ಕಡಿಯುವ ದಿನ ಮುಂಚೆಯೇ ತಿಳಿಸಿ. ಮೇಲುಕೋಟೆ ವೈರಮುಡಿ ಇದ್ದ ದಿನ ಸಿಬ್ಬಂದಿ ಕೇಳಿದರೆ ಯಾವ ಸಬ್‌ಇನ್‌ಸ್ಪೆಕ್ಟರ್ ತಾನೆ ಕೊಟ್ಟಾರು? ಗದ್ದೆಯ ಗಡಿ ತೋರಿಸುವ ಸರ್ವೆ ನಕ್ಷೆ ಕೈಲಿರಲಿ. ಬದುವಿನ ಮೇಲೆ ನಿಂತ ಕಾನ್‌ಸ್ಟೇಬಲ್ ಮೊದಲು ಕೇಳುವುದೇ "ನಿಮ್ದು ಯಾವುದಮ್ಮ, ಎಲ್ಲಿಂದ ಎಲ್ಲಿಗೆ?"

ಪ್ರಶ್ನೆ: ಗಂಡನ ಮನೆ ಮೈಸೂರಿನ ಕುವೆಂಪುನಗರ. ಮನೆ ಅತ್ತೆಯ ಹೆಸರಲ್ಲಿದೆ. ಜಗಳ ಆಗಿ ರಾತ್ರಿ ನನ್ನನ್ನೂ ಮಗಳನ್ನೂ ಹೊರಗೆ ಹಾಕಿ ಬೀಗ ಬದಲಾಯಿಸಿದ್ದಾರೆ. ಹುಣಸೂರಿನ ತವರಿನಲ್ಲಿ ಇದ್ದೇನೆ. ಒಡವೆ, ಮಾರ್ಕ್ಸ್ ಕಾರ್ಡ್, ಮಗಳ ಪುಸ್ತಕ ಎಲ್ಲ ಅಲ್ಲೇ ಇವೆ. ತರಲು ಹೋದರೆ ಕಾಲು ಮುರೀತೀನಿ ಅಂತ ಭಾವ ಫೋನ್ ಮಾಡಿದ್ದಾರೆ. ವಾಪಸ್ ಹೋಗಿ ಬಾಳಬೇಕೋ ಬೇಡವೋ ನನಗೇ ಗೊತ್ತಾಗುತ್ತಿಲ್ಲ. ಡೈವೋರ್ಸ್ ಹಾಕದೆ ಪೊಲೀಸ್ ರಕ್ಷಣೆ ಸಿಗುತ್ತದಾ?

ಉತ್ತರ: ಸಿಗುತ್ತದೆ. ಬಾಳುತ್ತೀರೋ ಬಿಡುತ್ತೀರೋ ಅಂತ ಇವತ್ತೇ ತೀರ್ಮಾನ ಮಾಡಬೇಕಾಗಿಲ್ಲ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ ಅದನ್ನು ಕೇಳುವುದೂ ಇಲ್ಲ.

ಕಲಂ 12ರ ಅರ್ಜಿಯನ್ನು ಹುಣಸೂರಿನ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲೇ ಹಾಕಬಹುದು. ನೀವು ತಾತ್ಕಾಲಿಕವಾಗಿ ಇರುವ ಊರು ಸಾಕು. ತಾಲ್ಲೂಕಿನ ಸಿಡಿಪಿಒ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಅವರೇ ಈ ಕಾಯ್ದೆಯ ರಕ್ಷಣಾಧಿಕಾರಿ. ಅವರಿಗೆ ಹೇಳಿದರೆ ವರದಿ ಬರೆದು ಕೋರ್ಟಿಗೆ ಕಳಿಸುತ್ತಾರೆ. ವಕೀಲರ ಫೀಸಿಗೆ ಕಷ್ಟ ಇದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರನ್ನು ಕೊಡಬೇಕು. ಸಹಾಯವಾಣಿ 15100.

ಮನೆ ಅತ್ತೆಯದು ಅಂತ ಹಿಂಜರಿಯಬೇಡಿ. ನೀವು ಸಂಸಾರ ಮಾಡಿಕೊಂಡಿದ್ದ ಮನೆ ಅತ್ತೆ ಮಾವನ ಹೆಸರಲ್ಲಿದ್ದರೂ ಅಲ್ಲಿ ವಾಸದ ಹಕ್ಕು ಕೇಳಬಹುದು ಅಂತ 2020ರಲ್ಲಿ ಸುಪ್ರೀಂ ಕೋರ್ಟ್ ಸತೀಶ್ ಚಂದರ್ ಅಹುಜಾ ಕೇಸಿನಲ್ಲಿ ಹೇಳಿದೆ. ಅದು ಮಾಲೀಕತ್ವ ಅಲ್ಲ, ಇರುವ ಹಕ್ಕು. ಅಲ್ಲಿಗೆ ಹೋಗಲು ಮನಸ್ಸಿಲ್ಲದಿದ್ದರೆ ಬೇರೆ ಮನೆ ಅಥವಾ ಬಾಡಿಗೆ ಕೊಡಿಸಿ ಅಂತಲೂ ಅದೇ ಕಲಂ 19ರಲ್ಲಿ ಕೇಳಬಹುದು.

ಪೊಲೀಸರ ಮಾತು ಇದೇ ಕಲಂ 19ರಲ್ಲಿದೆ. ಹತ್ತಿರದ ಠಾಣಾಧಿಕಾರಿ ರಕ್ಷಣೆ ಕೊಡಬೇಕು ಅಂತ ಮ್ಯಾಜಿಸ್ಟ್ರೇಟ್ ಆದೇಶ ಮಾಡಬಹುದು. ಒಡವೆ, ಸಾಮಾನು ವಾಪಸ್ ಕೊಡಿ ಅಂತಲೂ ಹೇಳಬಹುದು. ಒಂದು ಎಚ್ಚರ ಮಾತ್ರ ಬೇಕು. ಕೇಸ್ ಹುಣಸೂರಿನದು, ಬೀಗ ಮೈಸೂರಿನದು. ಆರ್ಡರಿನಲ್ಲಿ ಹುಣಸೂರು ಠಾಣೆಯ ಹೆಸರು ಮಾತ್ರ ಬಿದ್ದರೆ ಕುವೆಂಪುನಗರದ ಬಾಗಿಲು ತೆಗೆಸುವವರು ಯಾರು? ಎರಡೂ ಠಾಣೆಯ ಹೆಸರು ಬರೆಸಿ. ಹುಣಸೂರಿನದು ಜಿಲ್ಲಾ ಎಸ್‌ಪಿ ಕೈಕೆಳಗೆ ಬರುತ್ತದೆ, ಕುವೆಂಪುನಗರದ್ದು ನಗರ ಪೊಲೀಸ್ ಕಮಿಷನರ್ ಕೈಕೆಳಗೆ.

ಸಾಮಾನಿನ ಪಟ್ಟಿ ಬಿಡಿಸಿ ಬರೆಯಿರಿ. ‘ನನ್ನ ಒಡವೆಗಳು’ ಅಂದರೆ ಅಲ್ಲೇ ಜಗಳ ಶುರು. ಕರಿಮಣಿ ಸರ, ಎರಡೆಳೆ ಅವಲಕ್ಕಿ ಸರ, ಜುಮುಕಿ ಒಂದು ಜೊತೆ, ಗಾಡ್ರೆಜ್ ಬೀರುವಿನ ಲಾಕರ್‌ನಲ್ಲಿ. ಎಸ್ಸೆಸ್ಸೆಲ್ಸಿ, ಪಿಯುಸಿ, ಡಿಗ್ರಿ ಮಾರ್ಕ್ಸ್ ಕಾರ್ಡ್, ನೀಲಿ ಫೈಲಿನಲ್ಲಿ. ಹೀಗೆ. ಮದುವೆ ಆಲ್ಬಮ್ಮಿನಲ್ಲಿ ಒಡವೆ ಕಾಣುವ ಫೋಟೊ, ಚಿನ್ನದ ಅಂಗಡಿಯ ಬಿಲ್ ಇದ್ದರೆ ಸೇರಿಸಿ. ಭಾವನ ಫೋನ್ ಕರೆ ರೆಕಾರ್ಡ್ ಆಗಿದ್ದರೆ ಆ ಮೊಬೈಲ್ ಹಾಗೇ ಇಟ್ಟುಕೊಳ್ಳಿ, ಮಾರಬೇಡಿ.

ಅರ್ಜಿ ಬಂದ ಮೂರು ದಿನದೊಳಗೆ ಮೊದಲ ವಿಚಾರಣೆ, 60 ದಿನದಲ್ಲಿ ಮುಗಿಸಲು ಪ್ರಯತ್ನ ಅಂತ ಕಾಯ್ದೆಯಲ್ಲಿದೆ. ನಡೆಯುವುದು ಅದಕ್ಕಿಂತ ನಿಧಾನ. ಅದಕ್ಕೇ ಕಲಂ 23ರ ಮಧ್ಯಂತರ ಅರ್ಜಿಯನ್ನು ಮೊದಲ ದಿನವೇ ಜೊತೆಗೆ ಹಾಕಿ. ಸಿಕ್ಕ ಆದೇಶದ ಪ್ರತಿಯನ್ನು ನಿಮಗೂ ಠಾಣೆಗೂ ಕೋರ್ಟೇ ಪುಕ್ಕಟೆ ಕೊಡಬೇಕು. ರಕ್ಷಣಾ ಆದೇಶ ಮುರಿದರೆ ಒಂದು ವರ್ಷದವರೆಗೆ ಜೈಲು ಅಥವಾ 20,000 ರೂಪಾಯಿವರೆಗೆ ದಂಡ ಅಥವಾ ಎರಡೂ. ಆಗ ಪೊಲೀಸರು ಸಿವಿಲ್ ಅನ್ನುವ ಹಾಗೇ ಇಲ್ಲ.

ಪ್ರಶ್ನೆ: ಮೈಸೂರಿನ ರೈಲ್ವೆ ವರ್ಕ್‌ಶಾಪಿನಿಂದ ನಿವೃತ್ತನಾದವನು ನಾನು, 74 ವರ್ಷ. ಇರುವ ಒಂದು ಮನೆಯನ್ನು ಮಗನಿಗೆ ದಾನಪತ್ರ ಮಾಡಿಕೊಟ್ಟೆ. ಈಗ ನಾನೂ ನನ್ನ ಮನೆಯವರೂ ಹಿಂದಿನ ರೂಮಿನಲ್ಲಿದ್ದೇವೆ. ಕುಡಿದು ಬಂದು ಕೈ ಮಾಡುತ್ತಾನೆ. ಮಗನ ಮೇಲೆ ಕೇಸು ಹಾಕಲು ಮನಸ್ಸು ಬರುತ್ತಿಲ್ಲ.

ಉತ್ತರ: ಯಜಮಾನರೇ, ಕೈ ಎತ್ತಿದ ರಾತ್ರಿ 112ಕ್ಕೆ ಫೋನ್ ಮಾಡಿ. ಅದು ಕೇಸಲ್ಲ, ಆ ಹೊತ್ತಿನ ಬಚಾವು. ಹಿರಿಯರ ಸಹಾಯವಾಣಿ 14567 ಕೂಡ ಇದೆ.

ಕ್ರಿಮಿನಲ್ ಕೇಸ್ ಬೇಡ ಅಂದ್ರೆ 2007ರ ತಂದೆತಾಯಿ ಮತ್ತು ಹಿರಿಯ ನಾಗರಿಕರ ಕಾಯ್ದೆಯಲ್ಲಿ ಉಪವಿಭಾಗಾಧಿಕಾರಿಗೆ, ಅಂದರೆ ಎಸಿಯವರಿಗೆ, ಅರ್ಜಿ ಕೊಡಿ. ತಿಂಗಳಿಗೆ 10,000 ರೂಪಾಯಿವರೆಗೆ ಜೀವನಾಂಶ ಕೊಡಿಸಬಹುದು. ದಾನಪತ್ರ ರದ್ದು ಮಾಡುವ ಕಲಂ 23 ಇದೆ. ಆದರೆ ನೋಡಿಕೊಳ್ಳಬೇಕು ಅನ್ನುವ ಷರತ್ತಿನ ಮೇಲೆ ಕೊಟ್ಟಿದ್ದು ಅಂತ ತೋರಿಸಬೇಕು ಅಂತ ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿದೆ. 2025ರಲ್ಲಿ ಇನ್ನೊಂದು ಕೇಸಿನಲ್ಲಿ ಹಿರಿಯರ ಪರವಾಗಿ ಸ್ವಲ್ಪ ಉದಾರವಾಗಿ ಓದಿತು. ಅಲ್ಲಿ ತಾಯಿಯನ್ನು ನೋಡಿಕೊಳ್ಳುತ್ತೇನೆ ಅಂತ ಮಗ ಬರೆದುಕೊಟ್ಟ ಇನ್ನೊಂದು ಕಾಗದ ಇತ್ತು. ನಿಮ್ಮ ದಾನಪತ್ರವನ್ನು ಒಂದು ಸಲ ಕೂತು ಪೂರ್ತಿ ಓದಿಸಿ. ‘ನಮ್ಮ ಜೀವಮಾನ ಇರುವವರೆಗೆ’ ಅನ್ನುವಂಥ ಒಂದು ಸಾಲು ಸಿಕ್ಕರೂ ದೊಡ್ಡದು.

ಮಗನನ್ನು ಮನೆಯಿಂದ ಹೊರಗೆ ಹಾಕಿಸುವ ಆದೇಶವನ್ನೂ ಎಸಿ ಮಾಡಬಹುದು, ಅಗತ್ಯ ಇದ್ದರೆ. ಸೊಸೆ ಇದ್ದರೆ ಅವರ ವಾಸದ ಹಕ್ಕನ್ನೂ ತೂಗಿ ನೋಡಬೇಕು ಅಂತ ಬೆಂಗಳೂರಿನ ಎಸ್. ವನಿತಾ ಕೇಸಿನಲ್ಲಿ 2020ರಲ್ಲಿ ತೀರ್ಪಾಗಿದೆ. ಇನ್ನೊಂದು ವಿಷಯ: ಮೇಲೆ ಹೇಳಿದ ಕೌಟುಂಬಿಕ ದೌರ್ಜನ್ಯ ಕಾಯ್ದೆ ಸೊಸೆಯರಿಗೆ ಮಾತ್ರ ಅಲ್ಲ. ನಿಮ್ಮ ಮನೆಯವರು, ಅಂದರೆ ತಾಯಿ, ಮಗನ ಮೇಲೆ ಅದೇ ಅರ್ಜಿ ಹಾಕಿ ಪೊಲೀಸ್ ರಕ್ಷಣೆ ಕೇಳಬಹುದು. ಕೈ ಮಾಡುವುದು ನಿಲ್ಲಬೇಕಾದರೆ ಎಸಿ ಕಚೇರಿಗಿಂತ ಅದು ಬೇಗ ಅಂತ ನನಗನ್ನಿಸುತ್ತದೆ.

ಪ್ರಶ್ನೆ: ಮದ್ದೂರು ತಾಲ್ಲೂಕಿನವಳು, 22 ವರ್ಷ. ಬೇರೆ ಜಾತಿಯ ಹುಡುಗನನ್ನು ಮದುವೆಯಾಗಿ ರಿಜಿಸ್ಟರ್ ಮಾಡಿಸಿದ್ದೇವೆ. ಮೈಸೂರಿನಲ್ಲಿ ಬಾಡಿಗೆ ಮನೆ ಮಾಡಿದ್ದೇವೆ. ಮಗಳು ಕಾಣೆ ಅಂತ ಅಪ್ಪ ಕಂಪ್ಲೇಂಟ್ ಕೊಟ್ಟಿದ್ದಾರೆ. ಊರಿನ ಠಾಣೆಗೆ ಬಂದು ಹೇಳಿಕೆ ಕೊಡಿ ಅಂತ ಫೋನ್ ಬರುತ್ತಿದೆ. ಹೋದರೆ ಅಪ್ಪ, ಚಿಕ್ಕಪ್ಪಂದಿರು ಅಲ್ಲೇ ಇರುತ್ತಾರೆ. ಫೋನ್ ಆಫ್ ಮಾಡಿ ಇಟ್ಟಿದ್ದೇವೆ.

ಉತ್ತರ: ಫೋನ್ ಆಫ್ ಮಾಡುವುದು ಬೇಡಮ್ಮ. ನೀವು ಮರೆಯಾದಷ್ಟೂ ‘ಕಾಣೆ’ ಅನ್ನುವ ಕೇಸ್ ದೊಡ್ಡದಾಗುತ್ತದೆ, ಅಪಹರಣ ಅಂತ ಹುಡುಗನ ತಲೆಗೆ ಬರುತ್ತದೆ. ಊರಿಗೆ ಹೋಗುವುದೂ ಬೇಡ.

ಇವತ್ತೇ ಒಂದು ಪತ್ರ ಬರೆಯಿರಿ. ನಾನು ವಯಸ್ಕಳು, ಸ್ವಂತ ಇಷ್ಟದಿಂದ ಬಂದೆ, ಮದುವೆಯಾಗಿದ್ದೇನೆ, ಚೆನ್ನಾಗಿದ್ದೇನೆ, ಹೇಳಿಕೆಯನ್ನು ಮೈಸೂರಿನ ಠಾಣೆಯಲ್ಲಿ ಅಥವಾ ವಿಡಿಯೊ ಕರೆಯಲ್ಲಿ ಕೊಡಲು ತಯಾರಿದ್ದೇನೆ. ವಯಸ್ಸಿಗೆ ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್, ಮದುವೆಗೆ ಸರ್ಟಿಫಿಕೇಟ್ ಸೇರಿಸಿ. ಮಂಡ್ಯದ ಎಸ್‌ಪಿ, ಮೈಸೂರು ನಗರ ಕಮಿಷನರ್, ಕಂಪ್ಲೇಂಟ್ ದಾಖಲಾದ ಠಾಣೆ, ಮೂವರಿಗೂ ಸ್ಪೀಡ್ ಪೋಸ್ಟ್ ಮಾಡಿ, ಇಮೇಲ್ ಕೂಡ ಮಾಡಿ. ಅಪ್ಪನ ಕೈಗೆ ಸಿಗಬಹುದಾದ ಯಾವ ಕಾಗದದಲ್ಲೂ ಬಾಡಿಗೆ ಮನೆ ವಿಳಾಸ ಬೇಡ, ವಕೀಲರ ವಿಳಾಸ ಕೊಡಿ.

ನಿಮ್ಮ ಥರದ್ದೇ ಕೇಸು ನಮ್ಮ ರಾಜ್ಯದಿಂದಲೇ ಸುಪ್ರೀಂ ಕೋರ್ಟಿಗೆ ಹೋಗಿತ್ತು. ಲಕ್ಷ್ಮೀಬಾಯಿ ಚಂದರಗಿ ಪ್ರಕರಣ, 2021. ಮದುವೆಯಾಗಿ ಬೇರೆ ಊರಿನಲ್ಲಿದ್ದವರನ್ನು ಇಲ್ಲಿಗೇ ಬಂದು ಹೇಳಿಕೆ ಕೊಡಿ ಅಂತ ತನಿಖಾಧಿಕಾರಿ ಒತ್ತಾಯ ಮಾಡಿದ್ದನ್ನು ಕೋರ್ಟ್ ಒಪ್ಪಲಿಲ್ಲ. ಇಬ್ಬರು ವಯಸ್ಕರು ಒಪ್ಪಿದ ಮೇಲೆ ಮನೆಯವರ, ಜಾತಿಯವರ ಒಪ್ಪಿಗೆ ಬೇಕಿಲ್ಲ ಅಂತಲೂ ಹೇಳಿತು. ಅದಕ್ಕೂ ಮೊದಲು, 2018ರ ಶಕ್ತಿ ವಾಹಿನಿ ತೀರ್ಪಿನಲ್ಲಿ ಪ್ರತಿ ಜಿಲ್ಲೆಯಲ್ಲೂ ಎಸ್‌ಪಿ ಮತ್ತು ಸಮಾಜ ಕಲ್ಯಾಣಾಧಿಕಾರಿ ಇರುವ ವಿಶೇಷ ಘಟಕ ಇರಬೇಕು, ಬೇಕಾದರೆ ಸುರಕ್ಷಿತ ವಸತಿ ಕೊಡಬೇಕು ಅಂತ ನಿರ್ದೇಶನ ಇದೆ. ಪತ್ರದಲ್ಲಿ ಈ ಎರಡನ್ನೂ ಹೆಸರಿಸಿ.

ಆಮೇಲೂ ಬೆದರಿಕೆ ನಿಲ್ಲದಿದ್ದರೆ ನಿಮಗೆ ಹೈಕೋರ್ಟೇ ಸರಿಯಾದ ಬಾಗಿಲು. ಪಾಂಡವಪುರದ ತಾಯಿಗೆ ಬೇಡ ಅಂದೆ, ನಿಮಗೆ ಹೋಗಿ ಅಂತಿದ್ದೇನೆ. ಯಾಕಂದ್ರೆ ಅಲ್ಲಿ ಜಮೀನಿನ ಹಕ್ಕು ಇನ್ನೂ ತಕರಾರಿನಲ್ಲಿದೆ. ನಿಮ್ಮ ಜೀವದ ಹಕ್ಕಿನಲ್ಲಿ ತಕರಾರು ಏನಿದೆ? ಸಂವಿಧಾನದ 226ನೇ ವಿಧಿಯಲ್ಲಿ ಇಬ್ಬರೂ ಸೇರಿ ರಿಟ್ ಹಾಕಬಹುದು. ಬರೀ ‘ಭಯ ಇದೆ’ ಅನ್ನುವುದು ಸಾಲದು. ಚಿಕ್ಕಪ್ಪನ ವಾಯ್ಸ್ ಮೆಸೇಜ್, ಹುಡುಗನ ಮನೆ ಮುಂದೆ ಬಂದವರ ಫೋಟೊ, ದಿನಾಂಕ ಸಮೇತ ಬೇಕು. ಪೊಲೀಸರಿಗೆ ಮೊದಲು ಪತ್ರ ಕೊಟ್ಟಿದ್ದರ ದಾಖಲೆಯನ್ನು ಕೋರ್ಟ್ ಕೇಳುತ್ತದೆ. ಅಪ್ಪನೇ ಹೇಬಿಯಸ್ ಕಾರ್ಪಸ್, ಅಂದರೆ ಮಗಳನ್ನು ಕೋರ್ಟಿನ ಮುಂದೆ ಹಾಜರುಪಡಿಸಿ ಅನ್ನುವ ಅರ್ಜಿ, ಹಾಕಿದರೆ ಗಾಬರಿ ಬೇಡ. ಆಗ ನಿಮ್ಮನ್ನು ಜಡ್ಜ್ ಮುಂದೆ ಕರೆದು ಯಾರ ಜೊತೆ ಹೋಗುತ್ತೀಯಮ್ಮ ಅಂತ ಕೇಳುತ್ತಾರೆ. ಅಲ್ಲಿ ಅಮ್ಮ ಅಳುತ್ತಾ ನಿಂತಿರುತ್ತಾರೆ. ಅದಕ್ಕೆ ಮನಸ್ಸು ಗಟ್ಟಿ ಮಾಡಿಕೊಂಡೇ ಹೋಗಿ.

ಪ್ರಶ್ನೆ: ಕೋರ್ಟ್ ಪೊಲೀಸ್ ಪ್ರೊಟೆಕ್ಷನ್‌ಗೆ ಆರ್ಡರ್ ಮಾಡಿದರೆ ಮನೆ ಮುಂದೆ ಕಾನ್‌ಸ್ಟೇಬಲ್ ಎಷ್ಟು ದಿನ ಇರುತ್ತಾರೆ? ಅವರಿಗೆ ದುಡ್ಡು ನಾವು ಕೊಡಬೇಕಾ? (ಶ್ರೀರಂಗಪಟ್ಟಣ)

ಉತ್ತರ: ಹಗಲೂ ರಾತ್ರಿ ಗೇಟಿನಲ್ಲಿ ಕಾನ್‌ಸ್ಟೇಬಲ್ ನಿಲ್ಲುವುದು ಮಂತ್ರಿಗಳ ಮನೆಯಲ್ಲಿ. ನಿಮಗೆ ಸಿಗುವುದು ಸಾಮಾನ್ಯವಾಗಿ ಇಷ್ಟು: ಎದುರು ಪಾರ್ಟಿಯನ್ನು ಠಾಣೆಗೆ ಕರೆಸಿ ಎಚ್ಚರಿಕೆ ಕೊಡುವುದು, ಬೀಟ್ ಕಾನ್‌ಸ್ಟೇಬಲ್ ಆಗಾಗ ಬಂದು ನೋಡಿ ಹೋಗುವುದು, ಕೆಲಸ ಇರುವ ದಿನ ಬಂದು ನಿಲ್ಲುವುದು. ಬೀಟ್‌ನವರ ಹೆಸರು, ಮೊಬೈಲ್ ನಂಬರ್ ಕೇಳಿ ಬರೆದುಕೊಳ್ಳಿ. ಪದೇ ಪದೇ ಗಲಾಟೆ ಮಾಡುವವರಿಂದ ಸುರಕ್ಷಾ ಸಂಹಿತೆಯ ಕಲಂ 126ರ ಕೆಳಗೆ ಶಾಂತಿ ಕಾಪಾಡುವ ಬಾಂಡ್ ಬರೆಸಿಕೊಳ್ಳಿ ಅಂತಲೂ ಠಾಣೆಗೆ ಅರ್ಜಿ ಕೊಡಬಹುದು. ಹಳೆ ಕಾಯ್ದೆಯಲ್ಲಿ ಇದು ಕಲಂ 107, ಹಳಬರು ‘ಒನ್ ನಾಟ್ ಸೆವೆನ್’ ಅನ್ನುವುದು ಇದಕ್ಕೇ. ಬಾಂಡ್ ಒಂದು ವರ್ಷದವರೆಗೆ ಇರಬಹುದು.

ದುಡ್ಡಿನ ಮಾತು ಆರ್ಡರಿನಲ್ಲಿದ್ದರೆ ಮಾತ್ರ. ಕೆಲವು ಸಲ ಬಂದೋಬಸ್ತಿನ ಖರ್ಚು ಅರ್ಜಿದಾರರೇ ಭರಿಸಲಿ ಅಂತ ಕೋರ್ಟ್ ಬರೆಯುತ್ತದೆ. ಆಗ ಎಷ್ಟು ಅಂತ ಇಲಾಖೆಯಿಂದ ಬರಹದಲ್ಲಿ ಪಡೆದು, ಚಲನ್‌ನಲ್ಲಿ ಕಟ್ಟಿ, ರಸೀದಿ ಇಟ್ಟುಕೊಳ್ಳಿ. ಕೈಗೆ ಕೊಡಬೇಡಿ. ಬಂದವರಿಗೆ ಕಾಫಿ ಕೊಡುವುದಕ್ಕೆ ಯಾವ ಕೋರ್ಟಿನ ಅಡ್ಡಿಯೂ ಇಲ್ಲ.